ಛಾಯಾಚಿತ್ರದಲ್ಲಿ ಬೆಳಕೂ ಬಂಧವೂ: ನಮ್ಮ ನಾಡಿನ ಮೊದಲ ನೋಟಗಳು

ಅಮರಕೋಶವು ‘ಛಾಯಾ’ ಶಬ್ದಕ್ಕೆ ನಾಲ್ಕು ಅರ್ಥಗಳನ್ನು ಹೇಳುತ್ತದೆ. ಬಿಸಿಲಿಲ್ಲದ ಎಡೆಯಾದ ನೆರಳು ಒಂದು, ನೀರಿನಲ್ಲಿಯೋ ಕನ್ನಡಿಯಲ್ಲಿಯೋ ಕಾಣುವ ಪ್ರತಿಬಿಂಬ ಮತ್ತೊಂದು, ಕಾಂತಿ ಮೂರನೆಯದು, ಸೂರ್ಯನ ಪತ್ನಿ ನಾಲ್ಕನೆಯದು. ಫೋಟೋಗ್ರಾಫ್ ಎಂಬ ಗ್ರೀಕ್ ಮೂಲದ ಪದಕ್ಕಾದರೋ ‘ಬೆಳಕಿನ ಬರೆಹ’ ಎಂದಷ್ಟೇ ಅರ್ಥ. ಅದಕ್ಕೆ ಪ್ರತಿಯಾಗಿ ಛಾಯಾಚಿತ್ರವೆಂಬ ಪದವನ್ನು ಬಳಕೆಗೆ ತಂದವರು ಯಾರೇ ಆಗಿರಲಿ, ನೆರಳನ್ನೂ ಕಾಂತಿಯನ್ನೂ ಪ್ರತಿಬಿಂಬವನ್ನೂ ಒಂದೇ ಮಾತಿನಲ್ಲಿ ಅಡಗಿಸಿಕೊಟ್ಟರು. ಮೂಲಪದಕ್ಕಿಂತ ಈ ಅನುವಾದವೇ ವಸ್ತುವಿಗೆ ಹೆಚ್ಚು ಹತ್ತಿರವಾಗಿದೆಯೆಂದು ನನ್ನ ಮತ.

ಈ ಮಾತನ್ನು ಮೊದಲೇ ಹೇಳುವುದಕ್ಕೆ ಕಾರಣವಿದೆ. ನಮ್ಮ ಪ್ರಾಚೀನ ಸ್ಥಳಗಳ ಇತಿಹಾಸವನ್ನು ಬರೆಯತಕ್ಕವರು ಹತ್ತೊಂಬತ್ತನೆಯ ಶತಮಾನದ ಛಾಯಾಚಿತ್ರಗಳನ್ನು ಸಾಕ್ಷ್ಯವಾಗಿ ಉಪಯೋಗಿಸುವರು. ಶಾಸನದ ಪಾಠವನ್ನು ಅಕ್ಷರ ಅಕ್ಷರವಾಗಿ ಶಂಕಿಸುವ ವಿದ್ವಾಂಸರೂ ಛಾಯಾಚಿತ್ರದ ಮುಂದೆ ಶಂಕೆಯನ್ನು ಬಿಟ್ಟುಬಿಡುವರು. ಯಂತ್ರವು ಸುಳ್ಳು ಹೇಳದೆಂದು ನಂಬುವರು. ಯಂತ್ರವು ಸುಳ್ಳು ಹೇಳದಿರಬಹುದು. ಆದರೆ ಎಲ್ಲಿ ನಿಂತು, ಯಾವ ಹೊತ್ತಿನಲ್ಲಿ, ಎಷ್ಟು ಕಾಲ ಅದನ್ನು ತೆರೆದಿಡಬೇಕೆಂಬುದನ್ನು ಮನುಷ್ಯನೇ ನಿರ್ಧರಿಸಿದನು. ಯಾವ ಬಣ್ಣವನ್ನು ಕಾಣಬೇಕು, ಯಾವುದನ್ನು ಕಾಣಬಾರದು ಎಂಬುದನ್ನು ಬೆಳ್ಳಿಯ ಲವಣಗಳು ನಿರ್ಧರಿಸಿದುವು. ಆ ಕಾಲದ ಛಾಯಾಗ್ರಾಹಕರು ಬೆಳಕನ್ನೂ ಚಿತ್ರದ ಬಂಧವನ್ನೂ ಹೇಗೆ ಕಲಿತರೆಂಬುದನ್ನು ತಿಳಿಯದೆ ಅವರ ಚಿತ್ರಗಳನ್ನು ಓದಹೊರಟರೆ, ಇಲ್ಲದುದನ್ನು ಇದ್ದಂತೆಯೂ ಇದ್ದುದನ್ನು ಇಲ್ಲದಂತೆಯೂ ಗ್ರಹಿಸುವ ಅಪಾಯವುಂಟು. ಇದನ್ನು ನಮ್ಮ ನಾಡಿನ ಕೆಲವು ಸ್ಥಳಗಳನ್ನೇ ಮುಂದಿಟ್ಟುಕೊಂಡು ಪರಿಶೀಲಿಸಬಹುದಾಗಿದೆ.

ಕ್ಯಾಮರಾ ಬರುವುದಕ್ಕೆ ಮುಂಚೆಯೇ ನಮ್ಮ ಭೂದೃಶ್ಯಗಳನ್ನು ಬರೆಯುವ ಒಂದು ಪದ್ಧತಿಯು ನೆಲೆಗೊಂಡಿದ್ದಿತು. ಮೂರನೆಯ ಮೈಸೂರು ಯುದ್ಧದ ಕಾಲದಲ್ಲಿ ಕಾರ್ನ್‌ವಾಲಿಸನ ಸೈನ್ಯದೊಡನೆ ಬಂದ ರಾಬರ್ಟ್ ಹೋಮ್ ಎಂಬ ಚಿತ್ರಕಾರನು 1794ರಲ್ಲಿ ಮೈಸೂರು ಸೀಮೆಯ ಆಯ್ದ ನೋಟಗಳ ಪುಸ್ತಕವನ್ನು ಪ್ರಕಟಿಸಿದನು. ಅದೇ ದಶಕದಲ್ಲಿ ಥಾಮಸ್ ಮತ್ತು ವಿಲಿಯಂ ಡೇನಿಯಲ್ಲರ ಭಾರತದೃಶ್ಯಗಳು ಇಂಗ್ಲೆಂಡಿನಲ್ಲಿ ಅಚ್ಚಾಗತೊಡಗಿದುವು. ಈ ಚಿತ್ರಕಾರರಿಗೆ ವಿಲಿಯಂ ಗಿಲ್ಪಿನನೇ ಮುಂತಾದವರು ಕಟ್ಟಿದ ‘ಪಿಕ್ಚರೆಸ್ಕ್’ ಎಂಬ ಸೌಂದರ್ಯವಿಚಾರವು ರೂಢಿಯಲ್ಲಿದ್ದಿತು. ಮುನ್ನೆಲೆಯಲ್ಲಿ ಕಪ್ಪಾದ ಒಂದು ಬಂಡೆ ಅಥವಾ ಮರ. ನಡುವೆ ಬಿಸಿಲು ಬಿದ್ದ ನೀರೋ ಕಟ್ಟಡವೋ. ಹಿಂದೆ ಮಸುಕಾದ ಬೆಟ್ಟ. ಕಟ್ಟಡವು ಪಾಳುಬಿದ್ದಿದ್ದರೆ ಇನ್ನೂ ಲೇಸು. ಚಿತ್ರಕಾರನಿಗೆ ಇದೆಲ್ಲ ಕಷ್ಟವಲ್ಲ. ಮರವು ಬೇಕಾದ ಎಡೆಯಲ್ಲಿಲ್ಲದಿದ್ದರೆ ಅಲ್ಲಿ ಬರೆದರಾಯಿತು. ಛಾಯಾಗ್ರಾಹಕನಿಗಾದರೋ ಮರವನ್ನು ಸರಿಸಲು ಬಾರದು. ತನ್ನ ಕಾಲುಗಳನ್ನೇ ಸರಿಸಬೇಕು. ಭೂದೃಶ್ಯದ ಛಾಯಾಗ್ರಹಣದಲ್ಲಿ ಬಂಧವೆಂಬುದೆಲ್ಲವೂ ಮೊತ್ತಮೊದಲಿಗೆ ನಿಲ್ಲುವ ತಾಣದ ವಿಚಾರವೇ ಆಗಿದೆ.

ಕವಿಗಳೊಡನೆ ಹೋಲಿಸಿದರೆ ಈ ಕಷ್ಟವು ಇನ್ನೂ ಸ್ಪಷ್ಟವಾದೀತು. ಮಹಾಕಾವ್ಯದ ಅಷ್ಟಾದಶ ವರ್ಣನೆಗಳಲ್ಲಿ ಪರ್ವತವರ್ಣನೆ ಬೇರೆ, ಸೂರ್ಯೋದಯವರ್ಣನೆ ಬೇರೆ, ಋತುವರ್ಣನೆ ಬೇರೆ. ಬೆಟ್ಟವನ್ನು ವರ್ಣಿಸುವ ಕವಿಯು ಅದು ಯಾವ ಹೊತ್ತಿನ ಬೆಟ್ಟವೆಂದು ಹೇಳಲೇಬೇಕೆಂಬ ನಿರ್ಬಂಧವಿಲ್ಲ. ಕ್ಯಾಮರಾಕ್ಕೆ ಹೊತ್ತಿಲ್ಲದ ಬೆಟ್ಟವೇ ಇಲ್ಲ. ಅದು ಪರ್ವತವನ್ನು ಹಿಡಿಯಹೋದಾಗಲೆಲ್ಲ ಸೂರ್ಯನನ್ನೂ ಋತುವನ್ನೂ ಕೂಡಿಯೇ ಹಿಡಿಯುತ್ತದೆ.

ಉಳಿದುಬಂದಿರುವ ಅತ್ಯಂತ ಹಳೆಯ ಛಾಯಾಚಿತ್ರವು ಇದಕ್ಕೆ ವಿಚಿತ್ರವಾದ ಸಾಕ್ಷಿಯಾಗಿದೆ. ಫ್ರಾನ್ಸಿನ ನಿಯೆಪ್ಸನು 1826 ಅಥವಾ 1827ರಲ್ಲಿ ತನ್ನ ಮನೆಯ ಕಿಟಕಿಯಿಂದ ತೆಗೆದ ಆ ನೋಟದಲ್ಲಿ ಅಂಗಳದ ಎರಡೂ ಬದಿಯ ಕಟ್ಟಡಗಳ ಮೇಲೆ ಬಿಸಿಲು ಬಿದ್ದಿದೆ. ಫಲಕವನ್ನು ಅನೇಕ ಗಂಟೆಗಳ ಕಾಲ ತೆರೆದಿಟ್ಟುದರಿಂದ ಸೂರ್ಯನು ಮೂಡಣಿಂದ ಪಡುವಣಕ್ಕೆ ಸಾಗಿದುದೆಲ್ಲವೂ ಒಂದೇ ಚಿತ್ರದಲ್ಲಿ ಸೇರಿಹೋಗಿದೆ. ಯಾವ ಮನುಷ್ಯನ ಕಣ್ಣೂ ಎಂದೂ ಕಾಣದ ಬೆಳಕದು. ಆ ಮುಂದಿನ ಕೆಲಸವೆಲ್ಲವೂ ಈ ದೀರ್ಘಕಾಲವನ್ನು ಕಡಿಮೆ ಮಾಡುವುದರಲ್ಲಿಯೇ ನಡೆಯಿತು. ಇಂಗ್ಲೆಂಡಿನ ಟಾಲ್ಬಟ್ಟನು 1841ರಲ್ಲಿ ಕಾಗದದ ನೆಗೆಟಿವನ್ನು ಬಳಸುವ ಕ್ಯಾಲೋಟೈಪ್ ವಿಧಾನಕ್ಕೆ ಹಕ್ಕುಪತ್ರವನ್ನು ಪಡೆದನು. ಅವನನ್ನು ಈ ದಾರಿಗೆ ಹಚ್ಚಿದುದೂ ಒಂದು ಭೂದೃಶ್ಯವೇ: 1833ರಲ್ಲಿ ಇಟಲಿಯ ಕೋಮೋ ಸರೋವರದ ದಡದಲ್ಲಿ ಕುಳಿತು ಉಪಕರಣದ ಸಹಾಯದಿಂದ ರೇಖಾಚಿತ್ರವನ್ನು ಬರೆಯಹೋಗಿ ಕೈ ಸಾಗದೆ ಸೋತವನು ಅವನು. 1851ರಲ್ಲಿ ಗುಸ್ತಾವ್ ಲ ಗ್ರೇ ಎಂಬ ಫ್ರೆಂಚನು ಕಾಗದಕ್ಕೆ ಮೊದಲೇ ಮೇಣವನ್ನು ಹಿಡಿಸುವ ಕ್ರಮವನ್ನು ಪ್ರಕಟಿಸಿದನು. ಅದೇ ವರ್ಷ ಫ್ರೆಡರಿಕ್ ಸ್ಕಾಟ್ ಆರ್ಚರನು ಗಾಜಿನ ಮೇಲೆ ಕೊಲೋಡಿಯನ್ ಎಂಬ ಅಂಟುದ್ರವವನ್ನು ಹರಡುವ ವಿಧಾನವನ್ನು ಹೊರಗೆಡಹಿದನು.

ಈ ಎರಡಕ್ಕೂ ಬಹಳ ಅಂತರವಿದ್ದಿತು. ಗಾಜಿನ ಫಲಕವು ಕಾಗದಕ್ಕಿಂತ ಬೇಗ ಬೆಳಕನ್ನು ಹಿಡಿಯುವುದು, ಸೂಕ್ಷ್ಮವಾದ ರೇಖೆಗಳನ್ನೂ ಬಿಡದು. ಆದರೆ ಅದನ್ನು ಒದ್ದೆಯಾಗಿರುವಾಗಲೇ ತೆರೆದು ಒದ್ದೆಯಾಗಿರುವಾಗಲೇ ಸಂಸ್ಕರಿಸಬೇಕು. ಬೆಟ್ಟದ ನೆತ್ತಿಯಲ್ಲಾದರೂ ಕತ್ತಲೆಯ ಡೇರೆಯನ್ನು ಹೂಡಿಕೊಂಡೇ ಕೆಲಸಮಾಡಬೇಕು. ಮೇಣದ ಕಾಗದವನ್ನು ಹಲವು ದಿನಗಳ ಮುಂಚೆ ಸಿದ್ಧಮಾಡಿಟ್ಟುಕೊಳ್ಳಬಹುದು. ತೆಗೆದಾದ ಮೇಲೆ ಬಿಡಾರಕ್ಕೆ ಹಿಂದಿರುಗಿ ನಿಧಾನವಾಗಿ ಸಂಸ್ಕರಿಸಬಹುದು. ಇದರ ಒಂದು ಪರಿಣಾಮವನ್ನು ಗಮನಿಸತಕ್ಕದ್ದು. ಕಾಗದವನ್ನು ಹಿಡಿದವನು ಬೆಳಕಿಗಾಗಿ ಕಾಯಬಲ್ಲನು. ಗಾಜನ್ನು ಹಿಡಿದವನು ಮೋಡ ಸರಿಯುವುದೆಂದು ಊಹಿಸಿ ಫಲಕವನ್ನು ಸಿದ್ಧಪಡಿಸಬೇಕು. ಮೋಡವು ಸರಿಯದಿದ್ದರೆ ಫಲಕ ಒಣಗಿ ಹಾಳಾಗುವುದು.

ಈ ಎರಡಕ್ಕೂ ಸಮಾನವಾದ ದೋಷವೊಂದಿದ್ದಿತು. ಅಂದಿನ ಲವಣಗಳು ನೀಲಿ ಮತ್ತು ನೇರಿಳೆಯ ಕಡೆಯ ಬೆಳಕಿಗೆ ಮಾತ್ರವೇ ಸ್ಪಂದಿಸುತ್ತಿದ್ದುವು. ಆದಕಾರಣ ನೀಲಿಯ ಆಕಾಶವೂ ಬಿಳಿಯ ಮೋಡವೂ ಒಂದೇ ಆಗಿ, ಅಚ್ಚಿನಲ್ಲಿ ಬರಿಯ ಬಿಳುಪಾಗಿ ತೋರುತ್ತಿದ್ದುವು. ಹಸುರೆಲೆಯು ಕಪ್ಪಾಗುತ್ತಿದ್ದಿತು. ಕೆಮ್ಮಣ್ಣು ಇನ್ನೂ ಕಪ್ಪಾಗುತ್ತಿದ್ದಿತು. ನಮ್ಮ ನಾಡಿನ ಹಳೆಯ ಚಿತ್ರಗಳಲ್ಲಿ ಕಾಣುವ ಕರಿಯ ಮರಗಳನ್ನೂ ಬೋಳು ಆಕಾಶವನ್ನೂ ಕಂಡು ಆ ಸ್ಥಳವು ಆಗ ಘೋರವಾಗಿದ್ದಿತೆಂದು ಭಾವಿಸುವವರು ಈ ಸಂಗತಿಯನ್ನು ನೆನೆಯಬೇಕು. ಆ ಘೋರತೆಯಲ್ಲಿ ಅರ್ಧವು ರಸಾಯನದ್ದು.

ಈಗ ನಮ್ಮ ನಾಡಿಗೆ ಬರೋಣ. ಮದರಾಸು ಸೈನ್ಯದ ಅಧಿಕಾರಿಯಾಗಿದ್ದ ಲಿನೇಯಸ್ ಟ್ರೈಪ್ ಎಂಬಾತನು 1854ರ ಡಿಸೆಂಬರಿನಲ್ಲಿ ಡಾಕ್ಟರ್ ನೀಲ್ ಎಂಬ ವೈದ್ಯನೊಡನೆ ಹಳೇಬೀಡು, ಬೇಲೂರು, ಶ್ರವಣಬೆಳಗೊಳಗಳಿಗೆ ಬಂದನು. ಅವನು ತೆಗೆದ ಚಿತ್ರಗಳಲ್ಲಿ 68ನ್ನು 1855ರ ಮದರಾಸಿನ ಪ್ರದರ್ಶನದಲ್ಲಿಟ್ಟು ಪ್ರಶಂಸೆಯನ್ನು ಪಡೆದನು. ಮರುವರ್ಷವೇ ಮದರಾಸು ಸರಕಾರವು ಅವನನ್ನು ತನ್ನ ಛಾಯಾಗ್ರಾಹಕನನ್ನಾಗಿ ನೇಮಿಸಿಕೊಂಡಿತು. ಎಂದಮೇಲೆ ಹೊಯ್ಸಳರ ಗುಡಿಗಳ ಅಂಗಳವೇ ಅವನಿಗೆ ಈ ದೇಶದ ಬಿಸಿಲಿನ ಮೊದಲ ಪಾಠಶಾಲೆಯಾಯಿತೆನ್ನಬಹುದು.

ಆ ಪಾಠವು ಎಷ್ಟು ಕಠಿಣವಾಗಿತ್ತೆಂಬುದನ್ನು ಸ್ಥಳಗಳ ದಿಕ್ಕಿನಿಂದಲೇ ಊಹಿಸಬಹುದು. ಹಳೇಬೀಡಿನ ಹೊಯ್ಸಳೇಶ್ವರನ ಗುಡಿಯು ಮೂಡಣಕ್ಕೆ ಮುಖಮಾಡಿದೆ. ಆದರೆ ಅದರ ಶಿಲ್ಪಸಂಪತ್ತು ಹೆಚ್ಚಾಗಿ ಇರತಕ್ಕುದು ಪಡುವಣ ಗೋಡೆಯಲ್ಲಿ. ಬೆಳಗಿನ ಬಿಸಿಲು ಅಲ್ಲಿಗೆ ತಲಪದು. ಮಧ್ಯಾಹ್ನ ಕಳೆದು ಬಿಸಿಲು ತಲಪಿದಾಗ, ಆಳವಾಗಿ ಕೊರೆದ ಬಳಪದ ಕಲ್ಲಿನಲ್ಲಿ ಬೆಳಕು ಬಿದ್ದ ಎಡೆ ಬೆಳ್ಳಗಾಗಿ ನೆರಳು ಬಿದ್ದ ಎಡೆ ಮಸಿಯಾಗುತ್ತದೆ. ಮೂರ್ತಿಯ ಕಿರೀಟವು ಮೂರ್ತಿಯ ಮುಖವನ್ನೇ ನುಂಗುತ್ತದೆ. ತಾರೆಯಾಕಾರದ ಗೋಡೆಯಾದುದರಿಂದ ಒಂದು ಕೋನಕ್ಕೆ ಅನುಕೂಲವಾದ ಹೊತ್ತು ಪಕ್ಕದ ಕೋನಕ್ಕೆ ಪ್ರತಿಕೂಲವಾಗುತ್ತದೆ. ಇಡಿಯ ಗೋಡೆಗೆ ಒಪ್ಪುವ ಒಂದು ಗಳಿಗೆ ಎಂಬುದೇ ಇಲ್ಲ.

ಶ್ರವಣಬೆಳಗೊಳದ ಸಂಗತಿ ಇನ್ನೂ ವಿಲಕ್ಷಣವಾದುದು. ಗೊಮ್ಮಟನು ಬಡಗಣಕ್ಕೆ ಮುಖಮಾಡಿ ನಿಂತಿರುವನೆಂಬುದು ವಿದಿತವೇ ಆಗಿದೆ. ಆಶ್ವಯುಜದ ಸಮರಾತ್ರಿಯಿಂದ ಫಾಲ್ಗುನದ ಸಮರಾತ್ರಿಯವರೆಗೆ, ಎಂದರೆ ಸೆಪ್ಟೆಂಬರಿನ ಕೊನೆಯಿಂದ ಮಾರ್ಚಿಯವರೆಗೆ, ಸೂರ್ಯನು ಇಡಿಯ ದಿನವೂ ತೆಂಕಣ ಬದಿಯಲ್ಲಿಯೇ ಸಾಗುವನು. ಆ ಆರು ತಿಂಗಳು ಗೊಮ್ಮಟನ ಮುಖಕ್ಕೆ ನೇರವಾದ ಬಿಸಿಲು ತಾಕುವುದಿಲ್ಲ. ಬಂಡೆಯಿಂದಲೂ ಆಕಾಶದಿಂದಲೂ ಹಿಮ್ಮರಳಿದ ಮೆಲುಬೆಳಕು ಮಾತ್ರವೇ ಅಲ್ಲಿರುತ್ತದೆ. ಏಪ್ರಿಲಿನ ಕೊನೆಗೆ ಸೂರ್ಯನು ಅಲ್ಲಿ ನೆತ್ತಿಗೆ ಬಂದು ಬಡಗಣಕ್ಕೆ ದಾಟುವನು, ಆಗಸ್ಟಿನ ನಡುಭಾಗದ ಮೇಲೆ ಹಿಂದಿರುಗುವನು; ಆದರೆ ಆ ಅವಧಿಯಲ್ಲಿ ಬಹುಭಾಗವನ್ನು ಮಳೆಗಾಲದ ಮೋಡವು ಕಬಳಿಸುತ್ತದೆ. ಡಿಸೆಂಬರಿನಲ್ಲಿ ಆ ಬೆಟ್ಟವನ್ನು ಹತ್ತಿದ ಯಾವ ಛಾಯಾಗ್ರಾಹಕನಿಗೂ ಮೂರ್ತಿಯ ಬೆನ್ನಿಗೆ ಬಿಸಿಲು, ಮುಖಕ್ಕೆ ನೆರಳು. ಆ ಮುಖದ ಮಂದಹಾಸವು ಪ್ರಸಿದ್ಧವಷ್ಟೆ. ಅದು ತುಟಿಯ ಕೊನೆಗಳ ಅತಿ ಸಣ್ಣ ತಿರುವಿನಲ್ಲಿದೆ. ನೆತ್ತಿಯ ಬಿಸಿಲಿನಲ್ಲಿ ಅದು ಬಿಗುವಾಗಿ ತೋರುವುದು, ಹಿಮ್ಮರಳಿದ ಬೆಳಕಿನಲ್ಲಿ ಕರಗಿದಂತೆ ತೋರುವುದು. ಚಿತ್ರವನ್ನು ನೋಡಿ ಶಿಲ್ಪಿಯ ಆಶಯವನ್ನು ವಿವರಿಸಹೊರಟ ವಿಮರ್ಶಕನು ಋತುವನ್ನೇ ಶಿಲ್ಪಿಯೆಂದು ಬಗೆದಿರಬಹುದು.

ಹಂಪೆಯನ್ನು ಮೊದಲಿಗೆ ವಿಸ್ತಾರವಾಗಿ ಛಾಯಾಚಿತ್ರಗಳಲ್ಲಿ ಹಿಡಿದವನು ಅಲೆಗ್ಜಾಂಡರ್ ಗ್ರೀನ್‌ಲಾ. ಇವನೂ ಮದರಾಸು ಸೈನ್ಯದವನೇ. 1856ರಲ್ಲಿ ಮೇಣದ ಕಾಗದದ ದೊಡ್ಡ ನೆಗೆಟಿವುಗಳಲ್ಲಿ ವಿಜಯನಗರದ ಗುಡಿಗಳನ್ನೂ ಅರಮನೆಯ ಕಟ್ಟಡಗಳನ್ನೂ ತೆಗೆದನು. ಹಿಗ್ಗಿಸಿ ಅಚ್ಚುಹಾಕುವ ಅನುಕೂಲ ಆಗ ಇರಲಿಲ್ಲ; ನೆಗೆಟಿವು ಎಷ್ಟು ದೊಡ್ಡದೋ ಚಿತ್ರವೂ ಅಷ್ಟೇ ದೊಡ್ಡದು. ಆಮೇಲೆ ಅಂಚನ್ನು ಕತ್ತರಿಸಿ ಬಂಧವನ್ನು ತಿದ್ದಿಕೊಳ್ಳೋಣವೆಂಬ ಆಸೆಗೆ ಎಡೆಯಿರಲಿಲ್ಲ. ಕರಿಯ ಬಟ್ಟೆಯ ಮುಸುಕಿನೊಳಗೆ, ಮಸುಕುಗಾಜಿನ ಮೇಲೆ ದೃಶ್ಯವು ತಲೆಕೆಳಗಾಗಿ ಎಡಬಲವಾಗಿ ಮೂಡುತ್ತಿದ್ದಿತು. ಇದನ್ನು ತೊಡಕೆಂದು ಅನೇಕರು ಭಾವಿಸುವರು. ವಸ್ತುತಃ ಬಂಧವನ್ನು ಕಲಿಯುವುದಕ್ಕೆ ಇದಕ್ಕಿಂತ ಒಳ್ಳೆಯ ಗುರುವಿಲ್ಲ. ತಲೆಕೆಳಗಾದ ಗೋಪುರವು ಗೋಪುರವಾಗಿ ತೋರದು. ಬೆಳಕಿನ ಒಂದು ತ್ರಿಕೋನವಾಗಿ ತೋರುವುದು. ಹೆಸರನ್ನು ಕಳೆದುಕೊಂಡ ಆಕಾರಗಳು ಒಂದಕ್ಕೊಂದು ಹೇಗೆ ತೂಗುತ್ತವೆಂಬುದು ಆಗ ಕಣ್ಣಿಗೆ ಬೀಳುವುದು.

ಗ್ರೀನ್‌ಲಾನ ಚಿತ್ರಗಳಲ್ಲಿ ವಿದ್ವಾಂಸರಿಗೆ ಅತ್ಯಂತ ಉಪಕಾರಕವಾದುದು ವಿಟ್ಠಲನ ಗುಡಿಯ ಅಂಗಳದ ಕಲ್ಲಿನ ರಥದ್ದು. ಇಂದು ನಾವು ಕಾಣುವ ರಥಕ್ಕೆ ಶಿಖರವಿಲ್ಲ. 2017ರಿಂದ ಐವತ್ತು ರೂಪಾಯಿಯ ನೋಟಿನ ಮೇಲೆ ಅಚ್ಚಾಗುತ್ತಿರುವುದೂ ಶಿಖರವಿಲ್ಲದ ಆ ರಥವೇ. ಗ್ರೀನ್‌ಲಾನ ಚಿತ್ರದಲ್ಲಾದರೋ ಅದರ ಮೇಲೆ ಇಟ್ಟಿಗೆಯ ಶಿಖರವು ಸ್ಪಷ್ಟವಾಗಿ ನಿಂತಿದೆ. ಈ ಒಂದು ಕಾಗದವು ಉಳಿಯದಿದ್ದರೆ ರಥದ ಮೂಲಾಕಾರದ ವಿಚಾರದಲ್ಲಿ ಎಷ್ಟು ಊಹಾಪೋಹಗಳು ನಡೆಯುತ್ತಿದ್ದುವೋ ತಿಳಿಯದು. ಹೀಗಿರಲು ಛಾಯಾಚಿತ್ರದ ಸಾಕ್ಷ್ಯವನ್ನು ಕಡೆಗಣಿಸಬೇಕೆಂದು ನಾನು ಹೇಳುತ್ತಿಲ್ಲ. ಯಾವ ಅಂಶದಲ್ಲಿ ಅದನ್ನು ನಂಬಬಹುದು, ಯಾವ ಅಂಶದಲ್ಲಿ ನಂಬಲಾಗದು ಎಂಬುದೇ ಇಲ್ಲಿಯ ಪ್ರಶ್ನೆ. ನಿಂತ ಕಲ್ಲಿನ ವಿಚಾರದಲ್ಲಿ, ನಿಂತ ಇಟ್ಟಿಗೆಯ ವಿಚಾರದಲ್ಲಿ ಕಾಗದವನ್ನು ನಂಬಬಹುದು. ಚಲಿಸುವ ಮನುಷ್ಯನ ವಿಚಾರದಲ್ಲಿ ನಂಬಲಾಗದು.

ಕಾಗದದ ನೆಗೆಟಿವಿಗೆ ಬಿಸಿಲಿನಲ್ಲಿಯೂ ನಿಮಿಷಗಟ್ಟಲೆ ಕಾಲ ಬೇಕಾಗುತ್ತಿದ್ದಿತು. ಅಷ್ಟರಲ್ಲಿ ಮುಂದೆ ಹಾದುಹೋದವರು ಯಾವ ಗುರುತನ್ನೂ ಬಿಡದೆ ಮಾಯವಾಗುವರು. ಅಲುಗದೆ ನಿಂತವನು ಮಾತ್ರವೇ ಉಳಿಯುವನು. ಛಾಯಾಗ್ರಾಹಕರು ಕಟ್ಟಡದ ಅಳತೆ ತಿಳಿಯಲೆಂದು ಅಂಥವರನ್ನು ನಿಲ್ಲಿಸುತ್ತಲೂ ಇದ್ದರು. ವಿರೂಪಾಕ್ಷನ ಗುಡಿಯಲ್ಲಿ ಪೂಜೆಯು ನಿಂತುದೇ ಇಲ್ಲ, ಜಾತ್ರೆಯೂ ನಡೆಯುತ್ತಲೇ ಇದ್ದಿತು. ಆದರೂ ಹಳೆಯ ಛಾಯಾಚಿತ್ರಗಳಲ್ಲಿ ಹಂಪೆಯು ಜನಶೂನ್ಯವಾದ ಹಾಳೂರಿನಂತೆ ತೋರುವುದು. ಪಾಳುಬಿದ್ದ ಪಟ್ಟಣವೆಂಬ ಭಾವಕ್ಕೆ 1565ರ ಯುದ್ಧದ ಇತಿಹಾಸವು ಕಾರಣವೆಂಬುದು ನಿಜ. ಪಿಕ್ಚರೆಸ್ಕ್ ರುಚಿಯೂ ಕಾರಣ. ತೆರೆದಿಟ್ಟ ಕಾಗದದ ಮಂದಗತಿಯೂ ಕಾರಣ. 1900ರಲ್ಲಿ ಸೂಯೆಲನ ಇತಿಹಾಸಗ್ರಂಥವು ಮರೆತುಹೋದ ಸಾಮ್ರಾಜ್ಯವೆಂಬ ಹೆಸರಿನಿಂದ ಹೊರಬಂದಾಗ, ಓದುವವರ ಕಣ್ಣು ಅಂಥ ನಿರ್ಜನ ಚಿತ್ರಗಳಿಗೆ ಆಗಲೇ ಪಳಗಿದ್ದಿತು. ಮರೆತವರು ಯಾರೆಂದು ಆ ಊರಿನ ಅರ್ಚಕರನ್ನು ಯಾರೂ ಕೇಳಲಿಲ್ಲ.

ಇನ್ನು ಕೆಲವರು ಬಂಧವನ್ನು ಇಲ್ಲಿ ಕಲಿಯಲಿಲ್ಲ, ಊರಿನಿಂದಲೇ ಕಟ್ಟಿಕೊಂಡು ಬಂದರು. ಇಂಥವರಲ್ಲಿ ಸ್ಯಾಮ್ಯುಯೆಲ್ ಬೋರ್ನನು ಅಗ್ರಗಣ್ಯನು. ನಾಟಿಂಗ್‌ಹ್ಯಾಮಿನ ಬ್ಯಾಂಕಿನಲ್ಲಿ ಗುಮಾಸ್ತೆಯಾಗಿದ್ದ ಈತನು 1863ರಲ್ಲಿ ಕಲ್ಕತ್ತೆಗೆ ಬಂದಿಳಿದು, 1866ರೊಳಗೆ ಹಿಮಾಲಯದಲ್ಲಿ ಮೂರು ದೀರ್ಘಯಾತ್ರೆಗಳನ್ನು ಮಾಡಿದನು. ಗಾಜಿನ ಫಲಕಗಳನ್ನೂ ಔಷಧಗಳನ್ನೂ ಕತ್ತಲೆಯ ಡೇರೆಯನ್ನೂ ಹೊರಲು ಆಳುಗಳ ದೊಡ್ಡ ಸಾಲೇ ಬೇಕಾಯಿತು. 1866ರಲ್ಲಿ ಸುಮಾರು 18,600 ಅಡಿಗಳ ಎತ್ತರದ ಮಣಿರಂಗ್ ಕಣಿವೆಯಲ್ಲಿ ಅವನು ಚಿತ್ರಗಳನ್ನು ತೆಗೆದುದು ಆ ಕಾಲಕ್ಕೆ ಅಸಾಧಾರಣವಾದ ಸಾಹಸ. ಅಷ್ಟು ಎತ್ತರಕ್ಕೆ ಹತ್ತಿಯೂ ಅವನಿಗೆ ಪೂರ್ಣವಾದ ತೃಪ್ತಿಯಾಗಲಿಲ್ಲ. ಇಂಗ್ಲೆಂಡಿನ ಛಾಯಾಗ್ರಹಣ ಪತ್ರಿಕೆಗೆ ಬರೆದ ಪ್ರವಾಸಲೇಖನಗಳಲ್ಲಿ, ಹಿಮಾಲಯವು ಮಹತ್ತಾದುದೇ ಹೊರತು ಚಿತ್ರಕ್ಕೆ ಒಗ್ಗುವಂಥದಲ್ಲವೆಂಬ ದೂರು ಮತ್ತೆಮತ್ತೆ ಬರುತ್ತದೆ. ಸರೋವರವಿಲ್ಲ, ಹಸುರಿಲ್ಲ, ಮುನ್ನೆಲೆಗೆ ಆಸರೆಯಿಲ್ಲ. ಕಾಶ್ಮೀರಕ್ಕೆ ಹೋದಾಗ ನೀರೂ ಮರಗಳೂ ದೊರೆತು ಸಮಾಧಾನಗೊಂಡನು. ಬೆಟ್ಟವು ತನ್ನ ಸೂತ್ರಕ್ಕೆ ಒಗ್ಗದಿದ್ದರೆ ದೋಷವು ಬೆಟ್ಟದ್ದೆಂದು ತೀರ್ಮಾನಿಸುವ ಈ ಬುದ್ಧಿಯು ಲಕ್ಷಣಗ್ರಂಥವನ್ನು ಹಿಡಿದುಕೊಂಡು ಕಾವ್ಯವನ್ನು ಅಳೆಯುವ ಪಂಡಿತರಲ್ಲಿಯೂ ಕಾಣದ ವಸ್ತುವಲ್ಲ. ಆದರೂ ಬೋರ್ನನಿಗೆ ಅನ್ಯಾಯ ಮಾಡಬಾರದು. ಸೂತ್ರವು ಕೈಬಿಟ್ಟ ಎಡೆಯಲ್ಲಿ, ಬರಿಯ ಹಿಮ, ಬಂಡೆ, ನೆರಳು ಇಷ್ಟರಿಂದಲೇ ಅವನು ಕಟ್ಟಿದ ಚಿತ್ರಗಳು ಅವನ ಕಾಶ್ಮೀರದ ಸೊಗಸಿನ ಚಿತ್ರಗಳಿಗಿಂತ ಎಷ್ಟೋ ಮೇಲು.

ಬೋಳು ಆಕಾಶದ ತೊಂದರೆಯನ್ನು ಪರಿಹರಿಸಲು ನಡೆದ ಯತ್ನಗಳು ಸಾಕ್ಷ್ಯದ ದೃಷ್ಟಿಯಿಂದ ಬಹಳ ಮುಖ್ಯವಾದುವು. ಲ ಗ್ರೇಯು 1856-57ರ ತನ್ನ ಪ್ರಸಿದ್ಧವಾದ ಸಮುದ್ರದೃಶ್ಯಗಳಲ್ಲಿ ಕೆಲವಕ್ಕೆ ಎರಡು ನೆಗೆಟಿವುಗಳನ್ನು ಬಳಸಿದನು. ಒಂದು ನೀರಿಗೆ, ಒಂದು ಆಕಾಶಕ್ಕೆ. ಒಂದೇ ಮೋಡವು ಎರಡು ಬೇರೆ ಬೇರೆ ಸಮುದ್ರಗಳ ಮೇಲೆ ಕಾಣಿಸಿಕೊಂಡುದೂ ಉಂಟು. ಟ್ರೈಪನು 1855ರಲ್ಲಿ ಬರ್ಮಾದೇಶದಲ್ಲಿ ತೆಗೆದ ನೆಗೆಟಿವುಗಳ ಮೇಲೆ ಕುಂಚದಿಂದ ಮೋಡಗಳನ್ನು ಬರೆದನು. ಗಿಡಮರಗಳ ಎಲೆಗಳನ್ನೂ ತಿದ್ದಿದನು. ಅವನ ಮೋಡಗಳು ಅಂದವಾಗಿವೆ. ಅವನ್ನು ಕಂಡು ಅಂದಿನ ಹವೆಯನ್ನು ವರ್ಣಿಸಬಾರದು, ಅಷ್ಟೇ.

1873ರಲ್ಲಿ ಜರ್ಮನಿಯ ಫೋಗೆಲನು ಬಣ್ಣಗಳನ್ನು ಬೆರಸಿ ಫಲಕಕ್ಕೆ ಹಸುರನ್ನು ಕಾಣುವ ಶಕ್ತಿಯನ್ನು ತಂದನು; 1906ರ ವೇಳೆಗೆ ಕೆಂಪನ್ನೂ ಕಾಣಬಲ್ಲ ಫಲಕಗಳು ಮಾರಾಟಕ್ಕೆ ಬಂದುವು. ಅಂದಿನಿಂದ ಆಕಾಶದ ಕಪ್ಪುಬಿಳುಪು ಛಾಯಾಗ್ರಾಹಕನ ಇಚ್ಛೆಗೆ ಒಳಪಟ್ಟಿತು. ಅಮೇರಿಕದ ಆನ್ಸೆಲ್ ಆಡಮ್ಸನು 1927ರ ಏಪ್ರಿಲ್ 10ರಂದು ಯೋಸೆಮಿಟಿ ಕಣಿವೆಯ ಹಾಫ್ ಡೋಮ್ ಬಂಡೆಯನ್ನು ಮೊದಲು ಹಳದಿಯ ಗಾಜಿನ ಮೂಲಕ ತೆಗೆದು, ಅದು ತನ್ನ ಮನಸ್ಸಿನ ಬಂಡೆಯಲ್ಲವೆಂದು ತಿಳಿದು, ಉಳಿದಿದ್ದ ಕಡೆಯ ಫಲಕದಲ್ಲಿ ಕೆಂಪು ಗಾಜಿನ ಮೂಲಕ ಮತ್ತೆ ತೆಗೆದನು. ಹಗಲಿನ ನೀಲಿಯಾಕಾಶವು ಆ ಚಿತ್ರದಲ್ಲಿ ಹೆಚ್ಚುಕಡಿಮೆ ಕಪ್ಪಾಗಿದೆ. 1856ರ ಬಿಳಿಯ ಆಕಾಶವು ಎಷ್ಟು ನಿಜವೋ 1927ರ ಕರಿಯ ಆಕಾಶವೂ ಅಷ್ಟೇ ನಿಜ. ಒಂದು ನಿರುಪಾಯದಿಂದಾದುದು, ಒಂದು ಸಂಕಲ್ಪದಿಂದಾದುದು ಎಂಬುದಷ್ಟೇ ಭೇದ.

ಇಷ್ಟು ಅನುಮಾನಗಳನ್ನು ಎತ್ತಿದಮೇಲೆ ಬೆಳಕಿನಿಂದಲೇ ದೊರೆಯುವ ಒಂದು ಲಾಭವನ್ನೂ ಹೇಳಬೇಕು. ಅದೇ ಆಡಮ್ಸನು ಹೆರ್ನಾಂಡೆಜ್ ಎಂಬ ಹಳ್ಳಿಯ ಮೇಲೆ ಚಂದ್ರೋದಯವಾದುದನ್ನು ತೆಗೆದು, ತೆಗೆದ ವರ್ಷವನ್ನೇ ಮರೆತಿದ್ದನು. ಚಿತ್ರದಲ್ಲಿಯ ಚಂದ್ರನ ಸ್ಥಾನವನ್ನು ಗಣಿಸಿ, ಅದು 1941ರ ನವೆಂಬರ್ 1ರ ಸಂಜೆಯೆಂದು ಖಗೋಳಜ್ಞರು ನಿರ್ಣಯಿಸಿದರು. ಹಂಪೆಯ ಚಿತ್ರಗಳಿಗೂ ಈ ನ್ಯಾಯವು ಸಲ್ಲುತ್ತದೆ. ಅಲ್ಲಿಯ ಅಕ್ಷಾಂಶವು ಸುಮಾರು 15 ಅಂಶ 20 ಕಲೆ. ಗುಡಿಗಳ ದಿಕ್ಕುಗಳು ಅಳೆದು ತಿಳಿದವು. ವಿರೂಪಾಕ್ಷನ ಗುಡಿಯಾಗಲಿ ಅದರ ಮುಂದಣ ರಥಬೀದಿಯಾಗಲಿ ಅಂದಿಗೂ ಇಂದಿಗೂ ಒಂದೇ ದಿಕ್ಕಿನಲ್ಲಿವೆ. ಸೂರ್ಯನು ಅಲ್ಲಿ ಮೇ ತಿಂಗಳ ಮೊದಲ ದಿನಗಳಲ್ಲಿಯೂ ಆಗಸ್ಟ್ 12ರ ಸುಮಾರಿಗೂ ನೆತ್ತಿಯ ಮೇಲೆ ನಿಲ್ಲುವನು. ಡಿಸೆಂಬರಿನ ಮಧ್ಯಾಹ್ನದಲ್ಲಿ ತೆಂಕಣ ದಿಗಂತದಿಂದ 51 ಅಂಶಗಳಷ್ಟೇ ಮೇಲಿರುವನು. ಬಡಗಣ ಗೋಡೆಯ ಮೇಲೆ ಬಿಸಿಲು ಕಂಡರೆ ಆ ಚಿತ್ರವು ಚಳಿಗಾಲದ್ದಲ್ಲ. ಕಂಬದ ನೆರಳಿನ ಉದ್ದವನ್ನೂ ಓಲನ್ನೂ ಅಳೆದರೆ ಹೊತ್ತನ್ನೂ ತಿಂಗಳನ್ನೂ ಬಹುಮಟ್ಟಿಗೆ ಹೇಳಬಹುದು. ವರ್ಷದಲ್ಲಿ ಎರಡು ದಿನಗಳು ಒಂದೇ ನೆರಳನ್ನು ಕೊಡುವುದರಿಂದ ಮಳೆಗಾಲದ ಹುಲ್ಲೋ ಬೇಸಗೆಯ ಬಯಲೋ ಎಂಬುದನ್ನು ನೋಡಿ ಆಯ್ದುಕೊಳ್ಳಬೇಕಾಗುತ್ತದೆ. 1983ರಲ್ಲಿ ಆಸ್ಟ್ರೇಲಿಯದ ಜಾನ್ ಗೋಲಿಂಗ್ಸನು ಗ್ರೀನ್‌ಲಾನು ನಿಂತ ತಾಣಗಳಲ್ಲಿಯೇ ನಿಂತು ಅದೇ ನೋಟಗಳನ್ನು ಮತ್ತೆ ತೆಗೆದಿರುವನು. ಎರಡನ್ನೂ ಪಕ್ಕಪಕ್ಕದಲ್ಲಿಟ್ಟರೆ ಬಿದ್ದುದು ಯಾವುದು, ತೆಗೆದುಹಾಕಿದುದು ಯಾವುದು, ದುರಸ್ತಾದುದು ಯಾವುದು ಎಂಬುದು ಕೂಡಲೇ ತಿಳಿಯುತ್ತದೆ. ನೆರಳುಗಳನ್ನೂ ಹಾಗೆಯೇ ಹೋಲಿಸುವ ಕೆಲಸವನ್ನು ನಮ್ಮವರು ಕೈಕೊಳ್ಳಬೇಕು.

ಈ ವಿಚಾರವು ಕನ್ನಡದ ವಿದ್ವಾಂಸರಿಗೆ ಹೊರಗಿನದಲ್ಲವೆಂಬುದಕ್ಕೆ ಇನ್ನೊಂದು ನಿದರ್ಶನವುಂಟು. 1865ರಲ್ಲಿ ಮೇಜರ್ ಡಿಕ್ಸನ್ ಎಂಬ ಅಧಿಕಾರಿಯು ಮೈಸೂರು ಸರಕಾರಕ್ಕಾಗಿ ನಾಡಿನ ಶಾಸನಗಳ ಛಾಯಾಚಿತ್ರಗಳನ್ನು ತೆಗೆದನು. ಲೂಯಿ ರೈಸರು 1879ರಲ್ಲಿ ಪ್ರಕಟಿಸಿದ ಮೈಸೂರು ಶಾಸನಗಳ ಅನುವಾದಕ್ಕೆ ಆ ಚಿತ್ರಗಳೇ ಮುಖ್ಯವಾದ ಆಧಾರವಾದುವು. ಶಾಸನವನ್ನು ಓದಿದವರೆಲ್ಲರೂ ಬಲ್ಲರು: ಎದುರುಬಿಸಿಲಿನಲ್ಲಿ ಸವೆದ ಅಕ್ಷರವು ಕಾಣದು, ಬೆಳಗಿನ ಅಥವಾ ಸಂಜೆಯ ಓರೆಬಿಸಿಲಿನಲ್ಲಿ ಎದ್ದುನಿಲ್ಲುವುದು. ಆಮೇಲೆ 1886ರಿಂದ ಹೊರಬಂದ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳ ಕಾಲದಲ್ಲಿ ಕಾಗದವನ್ನು ಕಲ್ಲಿಗೊತ್ತಿ ಮಸಿಯ ಪಡಿಯಚ್ಚನ್ನು ತೆಗೆಯುವ ಪದ್ಧತಿಯು ಬಲಗೊಂಡು, ಪಾಠಕ್ಕೂ ಹೊತ್ತಿಗೂ ಇದ್ದ ನಂಟು ಕಡಿಯಿತು. ಅದಕ್ಕೆ ಹಿಂದಿನ ಪಾಠಗಳಲ್ಲಿ ಸಂದಿಗ್ಧವಾದ ಅಕ್ಷರ ಬಂದಾಗ ಲಿಪಿಕಾರನನ್ನೋ ಓದಿದವರನ್ನೋ ದೂಷಿಸುವುದಕ್ಕೆ ಮುಂಚೆ, ಕಲ್ಲು ಯಾವ ದಿಕ್ಕಿಗೆ ಮುಖಮಾಡಿದ್ದಿತು, ಚಿತ್ರದಲ್ಲಿ ನೆರಳು ಯಾವ ಬದಿಗೆ ಬಿದ್ದಿದೆ ಎಂಬುದನ್ನು ನೋಡುವುದು ಒಳ್ಳೆಯದು. ಹಾಗೆಯೇ ಇಂದು ತೆಗೆಯುವ ಚಿತ್ರಗಳ ಬೆನ್ನಿಗೆ ಸ್ಥಳದ ಹೆಸರು, ಶತಮಾನ, ಅಳತೆ ಇವುಗಳ ಜೊತೆಗೆ ತಾರೀಖು, ಗಂಟೆ, ಕ್ಯಾಮರಾವು ನೋಡುತ್ತಿದ್ದ ದಿಕ್ಕು ಇಷ್ಟನ್ನೂ ಬರೆದಿಡುವ ಪದ್ಧತಿಯನ್ನು ನಮ್ಮ ಸಂಗ್ರಹಾಲಯಗಳೂ ಸಂಶೋಧಕರೂ ಆಚರಣೆಗೆ ತರಬೇಕೆಂದು ವಿಜ್ಞಾಪಿಸಿಕೊಳ್ಳುತ್ತೇನೆ.